ಹೊಳೆಗೆ ಹಾಕದ ದೇವರು

ತೆಲಂಗಾಣದ ಗಡಿಯೂರು ಮಕ್ತಲ್‌ನ ಪ್ರಾರ್ಥನಾ ಮನೆಯಲ್ಲಿ ಪುಸ್ತಕದ ಕಟ್ಟು ಬಿಚ್ಚಿದಾಗ ಬಾಲರಾಜ್‌ಗೆ ಮೊದಲು ಕಂಡದ್ದು ತನ್ನದೇ ಮೋರೆ. ರಟ್ಟಿನ ತುಂಬ ಅವನೇ ಹಲ್ಲು ಬಿಟ್ಟುಕೊಂಡು ನಿಂತಿದ್ದ. ಮೇಲೆ ದಪ್ಪ ತೆಲುಗು ಅಕ್ಷರದಲ್ಲಿ ‘ಹೊಳೆಪಾಲಾದ ದೇವರು’ ಎಂದಿತ್ತು. ಕೆಳಗೆ ಸಣ್ಣದಾಗಿ, ಒಬ್ಬ ಕುರುಬನ ಸಾಕ್ಷಿ.

“ಹೆಂಗ ಐತಪ್ಪ?” ಎಂದರು ಉದಯಕುಮಾರ್ ಪಾಸ್ಟರ್. ಸಮುದ್ರದ ಕಡೆಯ ಆಂಧ್ರದಿಂದ ಬಂದವರು, ಇಲ್ಲಿಯೇ ಕನ್ನಡ ಕಲಿತವರು. “ಶುಕ್ರವಾರ ನಾರಾಯಣಪೇಟೆ ಕೂಟದಾಗ ಹಂಚೋಣು. ನೀನೇ ಸ್ಟೇಜಿನ ಮ್ಯಾಲ ಸಾಕ್ಷಿ ಹೇಳಬೇಕು.”

ಬಾಲರಾಜ್ ನಿಂತಲ್ಲೇ ಓದಿದ. ಅವನ ಕಳ್ಳಿನ ಚಟ, ಹೆಂಡತಿ ಸುನಿತಾಳನ್ನು ಬಡಿದದ್ದು, ಪಾಸ್ಟರು ಕೊಟ್ಟ ಸಣ್ಣ ಪುಸ್ತಕ ಓದಿ ಅತ್ತದ್ದು, ಎಲ್ಲ ಇತ್ತು. ಎಲ್ಲ ನಿಜವೇ. ಆ ಸಣ್ಣ ಪುಸ್ತಕ ಯೇಸುವಿನ ಪಕ್ಕದಲ್ಲೇ ಶಿಲುಬೆಗೆ ಜಡಿದಿದ್ದ ಕಳ್ಳನ ಕತೆ. ಒಳ್ಳೆಯದು ಮಾಡೋಣವೆಂದರೆ ಕೈಕಾಲೇ ಆಡದವನನ್ನೂ ಯೇಸು ಕೈಬಿಡಲಿಲ್ಲ ಎಂಬ ಮಾತು ಓದಿದ ದಿನದಿಂದ ಅವನು ಕಳ್ಳು ಮುಟ್ಟಿರಲಿಲ್ಲ. ಮುಂದಿನ ಹಾಳೆ ತಿರುವಿದ. ಬಾಲರಾಜ್ ಮನೆದೇವರು ಬೀರಪ್ಪನ ಮೂರ್ತಿಯನ್ನು ಎತ್ತಿ ಕೃಷ್ಣೆಯ ನಡುನೀರಿಗೆ ಒಗೆದನಂತೆ. ಹೊಳೆ ಗುಳಕ್ಕನೆ ನುಂಗಿತಂತೆ.

“ಅಯ್ಯಗಾರೂ, ನಾ ಯಾವಾಗ ಒಗದೆ ರೀ?”

“ನೀನೇ ಹೇಳಿದೆಲ್ಲ? ದೇವರನ್ನ ಹೊಳೀಗೆ ಒಯ್ದೆ, ಬರಿಗೈಲೆ ಬಂದೆ, ಹೊಳ್ಳಿ ನೋಡಲಿಲ್ಲ ಅಂತ.”

ಹೇಳಿದ್ದು ಹೌದು. ಅವನ ಮನೆತನದಲ್ಲಿ ದೇವರ ಸೇವೆ ಬಿಡುವವನು ದೇವರನ್ನು ಕೃಷ್ಣೆಗೆ ಹೊತ್ತೊಯ್ದು, ಮೀಯಿಸಿ, ದಂಡೆಯ ಕಂಬಳಿಯ ಮೇಲೆ ಇಳಿಸಿ, ತಿರುಗಿ ನೋಡದೆ ಬರಬೇಕು. ಮುಂದಿನ ಪಾಳಿಯವನು ಹೊತ್ತು ಮನೆಗೆ ತರುತ್ತಾನೆ. ಬಾಲರಾಜ್ ಇಳಿಸಿದ, ತಮ್ಮ ಬೀರೇಶ ಹೊತ್ತು ತಂದ. ಊರಲ್ಲಿ ಹಾಲು ಕುಡಿಯುವ ಕೂಸಿಗೂ ಗೊತ್ತಿರುವ ಸಂಗತಿ. ಹೊರಗಿನವರಿಗೆ ಬಿಡಿಸಿ ಹೇಳಬೇಕೆಂದು ಈ ಪೆದ್ದನಿಗೆ ಹೊಳೆದೇ ಇರಲಿಲ್ಲ.

ಈಗ ಬಿಡಿಸಿ ಹೇಳಿದ. ಪಾಸ್ಟರು ಗಡ್ಡ ಕೆರೆದುಕೊಂಡರು.

“ಅಚ್ಚಾಗಿ ಹೋಗೈತಲ್ಲ. ಹೈದರಾಬಾದಿನ ವಿಶ್ವಾಸಿಗಳು ಮಾಡಿಸ್ಯಾರ. ಮನಸಿನಾಗಿಂದ ಒಗದೀ ಇಲ್ಲ? ಆತ್ಮದಾಗ ನೋಡಿದ್ರ ಸುಳ್ಳಲ್ಲ.”

“ಸುಳ್ಳು ಸಾಕ್ಷಿ ಹೇಳಬ್ಯಾಡ ಅಂತ ನೀವೇ ಕಲಿಸೀರಿ.”

“ಸೈತಾನ ಇಂಥ ಹೊತ್ತಿನಾಗೇ ಬಾಯಿಗೆ ಬರ್ತಾನಪ್ಪ. ಮನೀಗೆ ಹೋಗಿ ಪ್ರಾರ್ಥನೆ ಮಾಡು,” ಎಂದು ಪಾಸ್ಟರು ಕಟ್ಟು ಕಟ್ಟಿದರು.

ದಾಮರಗಿದ್ದದ ಹತ್ತಿರದ ಅವನ ಊರಿಗೆ ಪುಸ್ತಕ ಅವನಿಗಿಂತ ಮೊದಲೇ ಬಂದಿತ್ತು. ಹೈದರಾಬಾದಿನಿಂದ ಬಂದ ಯಾರೋ ಬೆಳಿಗ್ಗೆಯೇ ಅಂಗಡಿಯಲ್ಲಿ ಬಿಟ್ಟು ಹೋಗಿದ್ದರು. ಬೀರೇಶನ ಅಂಗಳದಲ್ಲಿ ಕುಲದ ಹಿರಿಯ ಕುರುಮಯ್ಯ ಕೂತಿದ್ದ. ಒಳಗೆ ತಾಯಿ ಪೆಂಟಮ್ಮ ದೇವರ ಮುಂದೆ ಮಂಡಿಗೆ ಗದ್ದ ಹಚ್ಚಿಕೊಂಡು ಕೂತಿದ್ದಳು.

“ಅಣ್ಣಾ, ನೀ ಒಗದಿದ್ರ ನಾ ಹೊತ್ತು ತಂದಿದ್ದೇನು? ಹೊಳಿ ಗುಂಡುಕಲ್ಲೇನು?” ಎಂದ ಬೀರೇಶ. “ಹರಕಿ ಹೊತ್ತವರು ಮುಂಜಾನಿಂದ ಒಬ್ಬರೂ ಬರವಲ್ರು. ನಿನ್ನ ದೇವರು ಖೊಟ್ಟಿ ಅಂತ ಮಾರಿ ಮ್ಯಾಲೆ ಅಂತಾರ.”

“ನಾ ಒಗದಿಲ್ಲಪಾ. ಆ ಪುಸ್ತಕ ಸುಳ್ಳು.”

“ಹಂಗಾರ ಬಂಡಾರ ಮುಟ್ಟಿ ಹೇಳು,” ಎಂದ ಕುರುಮಯ್ಯ, ಅರಿಶಿನದ ಪುಡಿಯ ತಟ್ಟೆ ಮುಂದೆ ನೂಕಿ.

ಬಾಲರಾಜ್ ಕೈ ಹಿಂದಕ್ಕೆ ಎಳೆದುಕೊಂಡ. “ಆಣಿ ಮಾಡಾಕ ಬರಂಗಿಲ್ಲ ಕಾಕಾ. ಮಾತು ಖರೇ ಐತಿ.”

“ಒಂದು ಚಿಟಿಕಿ ಅರಿಶಿಣ ಮುಟ್ಟಿದ್ರ ನಿಮ್ಮ ಯೇಸುಗ ಅಷ್ಟು ಸಿಟ್ಟು ಬರ್ತೈತೇನೋ?” ಪೆಂಟಮ್ಮ ಒಳಗಿಂದಲೇ ಕೇಳಿದಳು. “ನನಗಿಂತ ಸಿಡುಕನೇನು ಅವ?”

ಬಾಲರಾಜ್ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡ.

ಕುರುಮಯ್ಯ ಎದ್ದು ಕಂಬಳಿ ಕೊಡವಿದ. “ನಮ್ಮ ಮುಂದ ನಮಗ ಹಿತ ಆಗೋ ಮಾತು ಯಾವನರ ಆಡ್ತಾನ. ನಿಮ್ಮವ್ರ ಮುಂದ, ಅದೇ ಸ್ಟೇಜಿನ ಮ್ಯಾಲ ಆಡು. ನಾ ಬಂದು ಕೇಳ್ತೀನಿ.”

ಮನೆಯಲ್ಲಿ ಸುನಿತಾ ರೊಟ್ಟಿ ಬಡಿಯುವುದನ್ನು ನಿಲ್ಲಿಸಿ ಎಲ್ಲ ಕೇಳಿದಳು. “ಸ್ಟೇಜಿನ ಮ್ಯಾಲ ಹಂಗಂದ್ರ ಪಾಸ್ಟರು ಹೊರಗ ಹಾಕ್ತಾರ. ಕೂಟ ತಪ್ಪಿದ್ರ ನೀ ಮತ್ತ ಕಳ್ಳಿನಂಗಡಿಗೇ. ಆವಾಗ ನಾ ಯಾರ ಕಾಲು ಹಿಡೀಲಿ, ಹೇಳು?” ಅವಳು ಹೇಳಿದ ಭಯ ಅವನದೂ ಆಗಿತ್ತು.

ಶುಕ್ರವಾರ ಸಂಜೆ ನಾರಾಯಣಪೇಟೆಯ ಶಾಮಿಯಾನ ಕಿಕ್ಕಿರಿದಿತ್ತು. ಕುರುಮಯ್ಯ ಕಂಬಳಿ ಹೆಗಲಿಗೆ ಹಾಕಿಕೊಂಡು ಹಿಂದಿನ ಗಳಕ್ಕೆ ಒರಗಿದ್ದ. ಬಾಲರಾಜ್ ಕನ್ನಡದಲ್ಲಿ ಹೇಳುವುದು, ಪಾಸ್ಟರು ತೆಲುಗಿನಲ್ಲಿ ತಿರುವಿ ಹೇಳುವುದು ಎಂದು ಏರ್ಪಾಡಾಗಿತ್ತು. ಕಳ್ಳಿನ ಮಾತು ಮುಗಿಯಿತು. ಅವನು ಹಿಂದಿನ ಗಳದ ಕಡೆ ನೋಡಿದ.

“ನಮ್ಮ ಮನೀ ಬೀರಪ್ಪನ್ನ ನಾ ಹೊಳೀಗೆ ಒಗದಿಲ್ಲರಿ. ದಂಡಿಮ್ಯಾಲ ಇಳಿಸಿ ಬಂದೀನಿ. ಅಂವ ನಮ್ಮ ತಮ್ಮನ ಮನ್ಯಾಗ ಅದಾನ.”

ಪಾಸ್ಟರು ಕೈ ಎತ್ತಿ ತೆಲುಗಿನಲ್ಲಿ ಕೂಗಿದರು: ಹಳೆಯದನ್ನೆಲ್ಲ ಹೊಳೆಯ ದಂಡೆಯಲ್ಲಿ ಬಿಟ್ಟು ಬಂದೆ ಎನ್ನುತ್ತಿದ್ದಾನೆ ಈ ಸಹೋದರ!

“ಹಲ್ಲೆಲೂಯಾ!” ಶಾಮಿಯಾನ ಗುಡುಗಿತು.

ಬಾಲರಾಜ್‌ನ ತಲೆಗೆ ರಕ್ತ ಏರಿತು. ಅವನೇನು ತೆಲುಗು ಬಾರದ ಗಮಾರನೇ? ಮೈಕನ್ನು ಬಾಯಿಗೆ ಒತ್ತಿ ಅದೇ ಮಾತನ್ನು ತೆಲುಗಿನಲ್ಲಿ ಹೇಳಿದ. ಒಗೆದಿಲ್ಲ. ಪುಸ್ತಕದಲ್ಲಿ ಬರೆದದ್ದು ಸುಳ್ಳು. ನಾನು ಯೇಸುವಿನವನು, ಆದರೆ ಅದು ಸುಳ್ಳು. ಮೈಕು ಸತ್ತಿತು. ಪಾಸ್ಟರು ಕಣ್ಣು ಮುಚ್ಚಿ ಹಾಡು ಎತ್ತಿದರು, ಡೋಲಕ್ ಜೋರಾಯಿತು. ಮೆಟ್ಟಿಲು ಇಳಿದವನಿಗೆ ಕೂರಲು ಯಾರೂ ಚಾಪೆ ಸರಿಸಲಿಲ್ಲ.

“ಕೇಳಿಸ್ತು,” ಎಂದ ಕುರುಮಯ್ಯ. “ಊರಾಗ ಹೇಳ್ತೀನಿ. ಬಾ, ಬಸ್ಸು ಹೋಗತೈತಿ.”

ಬಾಗಿಲಲ್ಲಿ ಪುಸ್ತಕ ಹಂಚುತ್ತಲೇ ಇದ್ದರು. ಒಂದೊಂದು ಕೈಯಲ್ಲೂ ಅವನ ಮೋರೆ ಹೊರಟಿತ್ತು, ಗದ್ವಾಲಕ್ಕೆ, ಮಾನೋಪಾಡಿಗೆ. ಎಷ್ಟು ಜನರ ಹಿಂದೆ ಓಡಲಾದೀತು? ಒಬ್ಬ ಹೆಂಗಸು ರಟ್ಟನ್ನೂ ಅವನನ್ನೂ ನೋಡಿ ನಿಂತಳು. ಅವಳ ಹಿಂದೆ ಕಳ್ಳಿನ ವಾಸನೆಯ ಗಂಡ ತೂರಾಡುತ್ತಿದ್ದ.

“ನೀವೇ ಅಲ್ಲೇನ್ರಿ ಇವ್ರು? ನಮ್ಮವರ ತಲಿಮ್ಯಾಲ ಕೈ ಇಟ್ಟು ಪ್ರಾರ್ಥನೆ ಮಾಡ್ರಿ.”

“ಈ ಪುಸ್ತಕ ಸುಳ್ಳವ್ವಾ. ಒಗದು ಬಿಡು.”

“ಕುಡಿಯೋದು ಬಿಟ್ಟದ್ದೂ ಸುಳ್ಳೇನ್ರಿ?”

ಕುರುಮಯ್ಯ ಮುಂದೆ ನಡೆದು ಹೋಗುತ್ತಿದ್ದ. ಬಾಲರಾಜ್ ಅವನ ಬೆನ್ನನ್ನು ನೋಡಿದ, ಪುಸ್ತಕವನ್ನು ನೋಡಿದ.

“ಅದು ಖರೇ ಐತಿ,” ಎಂದು, ಆ ಕುಡುಕನ ತಲೆಯ ಮೇಲೆ ಕೈ ಇಟ್ಟ.