ಬೆಸುಗೆ ಬಿದ್ದ ಜಾಲರಿ

ನನ್ನ ಗಂಡನ ಕೈಗೆ ವೆಲ್ಡಿಂಗ್ ಮಷಿನ್ ಸಿಕ್ಕಿತೆಂದರೆ ಮುಗಿಯಿತು, ಲೋಕದಲ್ಲಿ ಬಿಟ್ಟುಹೋದದ್ದೆಲ್ಲ ಕೂಡಲೇಬೇಕು. ನಮ್ಮ ಮನೆಯಲ್ಲಿ ಅಲ್ಲಾಡುವ ಕುರ್ಚಿ ಒಂದೂ ಇಲ್ಲ. ಇದನ್ನು ಹೊಗಳಿಕೆ ಅಂದುಕೊಳ್ಳಬೇಡಿ, ಮುಂದೆ ಕೇಳಿ.

ಸೋಪಿನ ಕಾರ್ಖಾನೆಯ ಕ್ಯಾಂಟೀನು ನಡೆಸುವವರಿಲ್ಲದೆ ಖಾಲಿಯಾಗಿತ್ತು. ಬೇರೆಯವರ ಅಡುಗೆಮನೆಯಲ್ಲಿ ಸೌಟಾಡಿಸಿ, ಬೇರೆಯವರ ಬೈಗುಳ ಕೇಳಿ ನನಗೆ ರೋಸಿಹೋಗಿತ್ತು. ನನ್ನದೇ ಅಂತ ಒಂದು ಒಲೆ ಬೇಕಿತ್ತು. ಕಾರ್ಖಾನೆಯ ಮ್ಯಾನೇಜರಮ್ಮ, "ಏನಾದ್ರೂ ಮಾಡಿ ತೋರಿಸಿ. ರುಚಿ ಹಿಡಿಸಿದ್ರೆ ಕ್ಯಾಂಟೀನು ನಿಮಗೇ" ಅಂದಿದ್ದರು. ಕ್ಯಾಂಟೀನಿಗೆ ಬೀಗ ಬಿದ್ದಿದ್ದರಿಂದ ಪರೀಕ್ಷೆ ನನ್ನ ಗಂಡನ ವೆಲ್ಡಿಂಗ್ ಶೆಡ್ಡಿನ ಮುಂದೆಯೇ ಎಂದಾಯಿತು.

ಮಾಡಲು ಹೊರಟದ್ದು ಕೆಂಡದ ಮೇಲೆ ಸುಟ್ಟ ಬಿಳಿ ಮೀನು. ಬಾದಾಮಿ, ಎಳ್ಳು, ಕೊತ್ತಂಬರಿ ಬೀಜ, ಜೀರಿಗೆ, ಮೆಣಸು ಹುರಿದು, ಉಪ್ಪು ಹಾಕಿ ತರಿತರಿಯಾಗಿ ಕುಟ್ಟಿ, ಎಣ್ಣೆ ಸವರಿದ ಮೀನಿಗೆ ಮೆತ್ತಬೇಕು. ಆದರೆ ಈ ಮೀನೋ, ಬಲು ನಾಜೂಕು. ತಿರುಗಿಸಲು ಹೋದರೆ ಮುರಿಯುತ್ತದೆ, ಮಸಾಲೆಯೆಲ್ಲ ಕೆಂಡದ ಪಾಲು. ಅದಕ್ಕೇ ಗಂಡ ಎರಡು ಜಾಲರಿ ಸೇರಿಸಿ, ಒಂದು ಬದಿಗೆ ಕೀಲು, ಇನ್ನೊಂದು ಬದಿಗೆ ಚಿಲಕ ಇಟ್ಟು ಪುಸ್ತಕದ ಹಾಗೆ ಮುಚ್ಚುವಂಥದ್ದು ಮಾಡಿಕೊಟ್ಟರು. ನಿಜ ಹೇಳಬೇಕು, ಚೆನ್ನಾಗಿತ್ತು.

ಪರೀಕ್ಷೆಯ ದಿನ ಮೀನು ಅರ್ಧ ಬೆಂದಿತ್ತು. ತಿರುಗಿಸಿದಾಗೆಲ್ಲ ಚಿಲಕ ಜಾರುತ್ತಿತ್ತು.

"ರೀ, ಇದು ಬಿಟ್ಟುಕೊಳ್ತಿದೆ! ಏನಾದ್ರೂ ಮಾಡ್ರೀ!" ಎಂದು ಕೂಗಿ, ಆಗಷ್ಟೇ ಬಂದ ಮ್ಯಾನೇಜರಮ್ಮನಿಗೆ ಕುರ್ಚಿ ಹಾಕಲು ಓಡಿದೆ. ಹಿಂದೆ ಚಟಚಟ ಸದ್ದು. ತಿರುಗಿ ನೋಡಿದರೆ ಗಂಡ ಮುಖದ ಕವಚ ಮೇಲೆತ್ತಿ ನಗುತ್ತಿದ್ದಾರೆ.

"ಇನ್ನು ಜಾರೋ ಮಾತೇ ಇಲ್ಲ ಕಣೇ."

ಅಯ್ಯೋ ನನ್ನ ಕರ್ಮವೇ! ಚಿಲಕವನ್ನು ಜಾಲರಿಗೆ ಬೆಸೆದೇಬಿಟ್ಟಿದ್ದರು. ಮೀನು ಹದವಾಗಿ ಬೆಂದಿತು, ಬಾದಾಮಿ ಕೆಂಪಗಾಯಿತು, ಘಮ ಬೀದಿಯ ತುದಿಗೆ ಹೋಯಿತು. ಆದರೆ ಮೀನು ಒಳಗೆ, ನಾವು ಹೊರಗೆ. ಕೆಂಡದಿಂದ ಇಳಿಸಿ ಸುತ್ತಿಗೆಯಲ್ಲಿ ಹೊಡೆದೆ, ಜಾಲರಿ ಜಪ್ಪಯ್ಯ ಅನ್ನಲಿಲ್ಲ.

"ನೋಡಿದ್ಯಾ ಬೆಸುಗೆ!" ಅಂದರು ಗಂಡ. ನನ್ನ ಮುಖ ನೋಡಿ ಕಬ್ಬಿಣ ಕೊಯ್ಯುವ ಗ್ರೈಂಡರ್ ಎತ್ತಿಕೊಂಡರು. "ಒಂದೇ ನಿಮಿಷ, ಕತ್ತರಿಸಿಬಿಡ್ತೀನಿ."

"ಇಡ್ರೀ ಅದನ್ನ ಕೆಳಗೆ! ನನ್ನ ಮಸಾಲೆ ಸಾಲದು ಅಂತ ಕಬ್ಬಿಣದ ಪುಡಿ ಬೇರೆ ಉದುರಿಸ್ತೀರಾ?"

ಮ್ಯಾನೇಜರಮ್ಮ ಕುರ್ಚಿ ಎಳೆದುಕೊಂಡು ಜಾಲರಿಯ ಪಕ್ಕ ಕೂತು, ಫೋರ್ಕನ್ನು ತಂತಿಗಳ ನಡುವೆ ತೂರಿಸಿ ಒಂದು ಚೂರು ಎಳೆದರು. ಬಾಯಿಗಿಟ್ಟರು. ಇನ್ನೊಂದು ಚೂರು. ಆಮೇಲೆ ಫೋರ್ಕ್ ಬದಿಗಿಟ್ಟು ಬೆರಳನ್ನೇ ತೂರಿಸಿದರು. ಜಾಲರಿಯನ್ನು ಮಗುಚಿ ಹಾಕಿ ಆ ಕಡೆಯದನ್ನೂ ಬಿಡಲಿಲ್ಲ. ಕೊನೆಗೆ ತಂತಿಗೆ ಅಂಟಿದ್ದ ಎಳ್ಳನ್ನೂ ಉಗುರಲ್ಲಿ ಕೆರೆದು ತಿಂದು ತಲೆ ಎತ್ತಿದರು.

"ಎರಡನೇ ಮೀನು ಹೇಗೆ ಒಳಗೆ ಹಾಕ್ತೀರಿ?"

ನಾನು ಗಂಡನ ಕಡೆ ತಿರುಗಿದೆ. ಗಂಡ ತಲೆ ಕೆರೆದುಕೊಂಡು ನೆಲ ನೋಡುತ್ತಿದ್ದರು. ಅಷ್ಟು ಹೊತ್ತು ಅವರನ್ನು ಹುರಿದು ಮುಕ್ಕಬೇಕು ಅನ್ನಿಸಿತ್ತು. ಆ ಪೆಚ್ಚು ಮುಖ ನೋಡಿದ್ದೇ ಪಾಪ ಅನ್ನಿಸಿತು.

"ನಾನು ಕೂಗಿದ್ದಕ್ಕೆ ಹೀಗೆ ಮಾಡಿದ್ರು ಮೇಡಂ. ಅವರದ್ದೇನೂ ತಪ್ಪಿಲ್ಲ. ಜಾಲರಿ ಇಲ್ದಿದ್ರೆ ಕೈಯಲ್ಲೇ ತಿರುಗಿಸಿ ಸುಡ್ತೀನಿ. ನನಗೆ ಆ ಒಲೆ ಬೇಕೇ ಬೇಕು," ಅಂದೆ.

ಮ್ಯಾನೇಜರಮ್ಮ ಕೈ ಒರೆಸಿಕೊಂಡು ಚೀಲದಿಂದ ಕ್ಯಾಂಟೀನಿನ ಬೀಗದ ಕೈ ತೆಗೆದರು. ನನ್ನ ಗಂಡ ಹಲ್ಲು ಕಿರಿದು ಕೈ ಚಾಚಿದರು. ಮ್ಯಾನೇಜರಮ್ಮ ಆ ಕೈಯನ್ನು ಮೆಲ್ಲಗೆ ಪಕ್ಕಕ್ಕೆ ಸರಿಸಿ, ಬೀಗದ ಕೈಯನ್ನು ನನ್ನ ಅಂಗೈಗೆ ಒತ್ತಿದರು.

"ನಾಳೆಯಿಂದ ಬನ್ನಿ. ಇದು ಮಾತ್ರ ನಿಮ್ಮ ಹತ್ರಾನೇ ಇರ್ಲಿ. ಇವರಿಗೆ ಕೊಟ್ರೆ, ಬಾಗಿಲು ಭದ್ರವಾಗ್ಲಿ ಅಂತ ನಮ್ಮನ್ನೆಲ್ಲ ಒಳಗೇ ಬೆಸೆದುಬಿಡ್ತಾರೆ."