ಲಾಬಿಗೆ ಬೇಕಾದ ಕಪ್ಪೆಗಳು

ಪ್ರತಿಭಾಳಿಗೆ ಕೇಳುಗರನ್ನು ಕಂಡರೆ ಮೊದಲಿನಿಂದಲೂ ಅಷ್ಟಕ್ಕಷ್ಟೆ. ದಾವಣಗೆರೆಯಲ್ಲಿ ಸಿತಾರ್ ಕಲಿತು, ಮುಂದಿನ ಸಾಲಿನವರು ತಪ್ಪು ಜಾಗದಲ್ಲಿ ತಲೆದೂಗುವುದನ್ನು ಸಹಿಸಲಾರದೆ ಕಛೇರಿ ಬಿಟ್ಟವಳು ಅವಳು. ಮದುವೆಯಾಗಿ ಜೀವನ್ ಬಿಮಾ ನಗರಕ್ಕೆ ಬಂದ ಮೇಲೆ ಟೇಪ್ ರೆಕಾರ್ಡರ್ ಹೊತ್ತು ಕೃಷ್ಣರಾಜಪುರದಾಚೆಯ ಒಂದು ಕೆರೆಗೆ ಹೋಗತೊಡಗಿದಳು. ಕಪ್ಪೆಗಳ ಕೂಗು, ಜೊಂಡಿನೊಳಗೆ ನುಗ್ಗುವ ಗಾಳಿ, ತೂಬಿನಲ್ಲಿ ಗುಳುಗುಟ್ಟುವ ನೀರು. ಇವುಗಳ ನಡುವೆ ಸಿತಾರಿನ ಒಂದೇ ತಂತಿಯನ್ನು ಸಡಿಲಿಸಿ ಅಪರೂಪಕ್ಕೊಮ್ಮೆ ಮೀಟಿ, ರಾಗವಿಲ್ಲದ, ತಾಳವಿಲ್ಲದ ಕೃತಿಗಳನ್ನು ಕಟ್ಟಿದಳು.

ಗಂಡ ಸಿದ್ಧಲಿಂಗೇಶ ಬ್ಯಾಂಕ್ ಅಧಿಕಾರಿ. ಮನೆಗೆ ಬಂದವರಿಗೆಲ್ಲ, "ನಮ್ಮನೇಲಿ ವರ್ಷಪೂರ್ತಿ ಮಳೆಗಾಲ ಕಣ್ರೀ" ಎಂದು ನಗಿಸುತ್ತಿದ್ದ.

ತೊಂಬತ್ತಾರರಲ್ಲಿ ಕಂಟೋನ್ಮೆಂಟಿನ ಒಂದು ಸಭಾಂಗಣದಲ್ಲಿ ಅವಳ ಕೃತಿಯ ಪ್ರದರ್ಶನವಾಯಿತು. ಕೈಮಗ್ಗದ ಕುರ್ತಾ ತೊಟ್ಟವರು ಕಣ್ಣುಮುಚ್ಚಿ ಕೂತರು. ಮುಗಿದ ಮೇಲೆ ಒಬ್ಬಾಕೆ ಬಂದು ಕೈ ಹಿಡಿದುಕೊಂಡು, "ಎಷ್ಟು ಶಾಂತಿ ಇದೆ ಇದರಲ್ಲಿ" ಎಂದಳು. ಆಕೆ ಕೇಳಿದ್ದರಲ್ಲಿ ಹಾವೊಂದು ಕಪ್ಪೆಯನ್ನು ನುಂಗುವ ಸದ್ದೂ ಇತ್ತು. ಪ್ರತಿಭಾ ಅದನ್ನು ಹೇಳುವ ಗೋಜಿಗೆ ಹೋಗಲಿಲ್ಲ.

ಕೆರೆಯಂಚಿನ ಹೊಲ ಮುನಿರಾಜ್ ಮನೆಯವರದು. ಆಗೆಲ್ಲ ಅವನು ಏರಿಯ ಮೇಲೆ ಬೈಕ್ ನಿಲ್ಲಿಸಿ, "ಏನಂತವೆ ಮೇಡಂ ಕಪ್ಪೆಗಳು?" ಎಂದು ಕೇಳಿ, ಉತ್ತರಕ್ಕೆ ಕಾಯದೆ ಹೋಗಿಬಿಡುತ್ತಿದ್ದ. ಎರಡು ಸಾವಿರದ ಮೂರರ ಹೊತ್ತಿಗೆ ಹೊಲವೂ ಇರಲಿಲ್ಲ, ಕೆರೆಯೂ ಇರಲಿಲ್ಲ. ಎರಡರ ಮೇಲೂ ಅಪಾರ್ಟ್‌ಮೆಂಟ್ ಎದ್ದಿತ್ತು. ಕಟ್ಟಿಸಿದವರಲ್ಲಿ ಮುನಿರಾಜನೂ ಒಬ್ಬ. ಒಂದು ಭಾನುವಾರ ಅವನು ವಿಳಾಸ ಹುಡುಕಿಕೊಂಡು ಅವಳ ಮನೆಗೆ ಬಂದ.

"ಮೇಡಂ, ನಿಮ್ ಕಪ್ಪೆ ಮ್ಯೂಸಿಕ್ ಬೇಕಿತ್ತು. ಲಾಬಿಲಿ ಹಾಕ್ತೀವಿ. ಒಳಗೆ ಬಂದೋರಿಗೆ ಕೆರೆ ಫೀಲಿಂಗ್ ಬರ್ಬೇಕು."

"ಕೆರೇನೇ ಇತ್ತಲ್ಲ ಅಲ್ಲಿ."

"ಇತ್ತು. ಈಗ ಫೀಲಿಂಗ್ ಸಾಕು."

"ಕೊಡಲ್ಲ."

ಮುನಿರಾಜ್ ಬೇಸರ ಮಾಡಿಕೊಳ್ಳಲಿಲ್ಲ. ಕಾಫಿ ಕುಡಿದು, ಸಿದ್ಧಲಿಂಗೇಶನ ಕೈಗೆ ತನ್ನ ಕಾರ್ಡು ಕೊಟ್ಟು ಹೊರಟ. ಗಂಡ ನಡುವೆ ಬಾಯಿ ಹಾಕದಿದ್ದದ್ದು ಪ್ರತಿಭಾಳಿಗೆ ಆಶ್ಚರ್ಯ ತಂದಿತು. ಕೊನೆಗೂ ಒಂದು ವಿಷಯ ಅರ್ಥವಾಯಿತಲ್ಲ ಈ ಮನುಷ್ಯನಿಗೆ ಎಂದುಕೊಂಡಳು.

ಕೆಲವು ವಾರಗಳ ಬಳಿಕ ಸಿದ್ಧಲಿಂಗೇಶ, ಪರಿಚಯದವರ ಗೃಹಪ್ರವೇಶವಿದೆ ಎಂದು ಅವಳನ್ನು ಕರೆದುಕೊಂಡು ಹೋದ. ಕಾರು ನಿಂತದ್ದು ಅದೇ ಅಪಾರ್ಟ್‌ಮೆಂಟಿನ ಮುಂದೆ. ಗಾಜಿನ ಬಾಗಿಲು ತೆರೆಯುತ್ತಲೇ ಅವಳ ಕಪ್ಪೆಗಳು ಕೂಗಿದವು. ಅವುಗಳ ಕೂಗಿಗೆ ಯಾರೋ ಕೀಬೋರ್ಡು, ಡ್ರಮ್ಮು ಸೇರಿಸಿದ್ದರು. ತಂತಿ ಮೀಟಿದ್ದನ್ನು ಮಾತ್ರ, ರೆಕಾರ್ಡಿಂಗಿನ ದೋಷವೆಂದು ತಿಳಿದಿರಬೇಕು, ತೆಗೆದುಹಾಕಿದ್ದರು.

"ಯಾವಾಗ ಕೊಟ್ರಿ ಇದನ್ನ?"

"ಬೀರುಲಿ ಧೂಳು ತಿಂತಾ ಬಿದ್ದಿತ್ತು" ಎಂದ ಸಿದ್ಧಲಿಂಗೇಶ. "ನಮಗೂ ಮೂರನೇ ಫ್ಲೋರಲ್ಲಿ ಒಂದು ಮನೆ ಬುಕ್ ಮಾಡಿದೀನಿ. ಕಾರ್ನರ್ ಮನೆ, ಗಾಳಿ ಬೆಳಕು ಚೆನ್ನಾಗಿದೆ."

"ನನ್ನ ಒಂದು ಮಾತು ಕೇಳ್ಬೇಕು ಅನ್ನಿಸ್ಲಿಲ್ವಾ?"

"ಕೇಳಿದ್ರೆ ಕೊಡ್ತಿದ್ಯಾ?"

ಅವನೊಡನೆ ಮಾತಾಡುವುದು ದಂಡವೆನಿಸಿ ಅವಳು ಪಕ್ಕಕ್ಕೆ ಸರಿದಳು. ಅಲ್ಲಿ ಕುರ್ಚಿಯಲ್ಲಿ ಮುನಿರಾಜನ ತಾಯಿ ಗಂಗಲಕ್ಷ್ಮಮ್ಮ ಕೂತು ಊಟ ಮಾಡುತ್ತಿದ್ದರು. "ನೀನೇ ಅಲ್ವೇನಮ್ಮ, ಏರಿ ಮೇಲೆ ಕೂತ್ಕೊಂತಿದ್ದೋಳು?" ಎಂದರು. ಇಷ್ಟು ಜನರಲ್ಲಿ ಈಕೆಗಾದರೂ ತನ್ನ ಸಂಕಟ ತಿಳಿದೀತೆಂದು ಪ್ರತಿಭಾ ಹತ್ತಿರ ಕೂತಳು.

"ಈ ಸದ್ದು ಕೇಳಿದ್ರೆ ನಿಮಗೆ ಹೊಟ್ಟೆ ಉರಿಯಲ್ವಾ ಅಮ್ಮ? ನಿಮ್ಮ ಕೆರೆ ಅಲ್ವಾ?"

"ಯಾಕ್ ಉರೀಬೇಕು? ನಾನ್ ಮದುವೆಯಾಗಿ ಬಂದಾಗಿಂದ ಈ ಮುಂಡೇವು ಮಳೆಗಾಲದಲ್ಲಿ ಒಂದಿನ ಕಣ್ಣು ಮುಚ್ಚೋಕೆ ಬಿಡ್ಲಿಲ್ಲ. ಸದ್ಯ ಹೋದ್ವಲ್ಲ ಅಂದ್ಕೊಂಡಿದ್ದೆ, ನೀನು ಮತ್ತೆ ತಂದ್ ಮಡಗಿದೀಯ."

ಪ್ರತಿಭಾ ಎದ್ದು ನೇರವಾಗಿ ಪ್ಲೇಯರ್ ಬಳಿಗೆ ಹೋಗಿ ಸಿ.ಡಿ. ಹೊರತೆಗೆದಳು. ಲಾಬಿ ನಿಶ್ಶಬ್ದವಾಯಿತು. ಎಲ್ಲರೂ ತಿರುಗಿ ನೋಡಿದರು.

"ಇಟ್ಕೊಳ್ಳಿ ಮೇಡಂ" ಎಂದ ಮುನಿರಾಜ್ ಮೆಲ್ಲಗೆ. "ಇನ್ನೂ ಕಾಪಿ ಅವೆ." ಅವಳು ರಸ್ತೆ ದಾಟುವಷ್ಟರಲ್ಲಿ ಕಪ್ಪೆಗಳು ಮತ್ತೆ ಡ್ರಮ್ಮಿನ ಜೊತೆ ಶುರುವಾಗಿದ್ದವು.

ಸಿದ್ಧಲಿಂಗೇಶ ಹೊಸ ಮನೆಗೆ ಹೋದ. ಅವಳು ಹೋಗಲಿಲ್ಲ. ಜಗಳವೇನೂ ಆಗಲಿಲ್ಲ, ಅವನೊಡನೆ ಜಗಳವಾಡುವಷ್ಟು ಗೌರವ ಅವಳಲ್ಲಿ ಉಳಿದಿರಲಿಲ್ಲ. ಭಾನುವಾರ ಅವನು ಊಟಕ್ಕೆ ಬರುತ್ತಿದ್ದ, ಅವಳು ಬಡಿಸುತ್ತಿದ್ದಳು. ಮಾರ್ಚಿನಲ್ಲಿ ಒಮ್ಮೆ ತಟ್ಟೆಯಿಂದ ತಲೆ ಎತ್ತದೆ ಹೇಳಿದ: "ನಿನ್ನ ಕಪ್ಪೆ ನಿಲ್ಲಿಸಿಬಿಟ್ರು. ಮಕ್ಕಳಿಗೆ ಪರೀಕ್ಷೆ, ಗಲಾಟೆ ಆಗುತ್ತೆ ಅಂತ ಅಸೋಸಿಯೇಷನ್‌ನವರು ಕಂಪ್ಲೇಂಟ್ ಮಾಡಿದ್ರು."

"ಒಳ್ಳೇದಾಯ್ತು" ಎಂದಳು. ನಿಜಕ್ಕೂ ಹಗುರವೆನಿಸಿತು. ಅಂಥವರ ದೂರಿನಿಂದ ತನಗೆ ನೆಮ್ಮದಿ ಸಿಗಬೇಕಾಯಿತಲ್ಲ ಎಂದು ಮರುಕ್ಷಣವೇ ಮೈಯೆಲ್ಲ ಉರಿಯಿತು.

ಅವನು ಹೋದ ಮೇಲೆ ಬಸ್ಸು ಹಿಡಿದು ಹಲಸೂರು ಕೆರೆಗೆ ಹೋದಳು. ಆಚೆ ದಡದಲ್ಲಿ ಮಿಲಿಟರಿ ಬ್ಯಾಂಡಿನವರು ಅಭ್ಯಾಸ ನಡೆಸಿದ್ದರು. ಅವರು ಮುಗಿಸುವವರೆಗೆ ಹಲ್ಲು ಕಚ್ಚಿ ಕಾದು, ಆಮೇಲೆ ರೆಕಾರ್ಡರ್ ಹೊರತೆಗೆದಳು.