ಹಸುವಿನ ಪಾಲಿನ ಬ್ರೆಡ್

ಸಂಜೆ ನಮ್ಮ ಆಫೀಸಿನ ಜರ್ಮನ್ ಮೇಡಂ ಬೋಪಾಲ್ ಬಡಾವಣೆಯ ನಮ್ಮ ಫ್ಲಾಟಿಗೆ ಊಟಕ್ಕೆ ಬರುವವರಿದ್ದರು. ಅವರೂರಿನ ಸಿಹಿಗೆಂದು, ಸೇಬಿನ ಜೊತೆ ಓವನ್ನಿನಲ್ಲಿ ಬೇಯಿಸಲು ಮೂರು ದಿನದಿಂದ ಬ್ರೆಡ್ ಒಣಗಿಸಿಟ್ಟಿದ್ದೆ. ಅತ್ತೆ ಅದನ್ನು ಬೆಳಿಗ್ಗೆಯೇ ಬೀದಿಯ ಹಸುವಿಗೆ ಹಾಕಿಬಿಟ್ಟಿದ್ದರು!

"ಮನೆಗೆ ಬಂದೋರಿಗೆ ಒಣಕಲು ಬ್ರೆಡ್ ಕೊಡ್ತಾರೇನೇ ವಿಂಧ್ಯಾ?" ಎಂದು ನನಗೇ ಗದರಿದರು.

ಬುಟ್ಟಿ ಹಿಡಿದು ಮನೆಮನೆಗೆ ಓಡಿದೆ. ಹಳೆಯ ಬ್ರೆಡ್ ಕೇಳಿದ್ದಕ್ಕೆ ಎಲ್ಲರಿಗೂ ಅವಮಾನವಾಯಿತು. ತಮ್ಮ ಮನೆಯಲ್ಲಿ ಅಂಥದ್ದು ಇರುವುದೇ ಇಲ್ಲವಂತೆ! ಆಮೇಲೆ "ಹಸುವಿಗೆ" ಎಂದು ಸೇರಿಸಿದೆ ನೋಡಿ, ಐದೇ ನಿಮಿಷದಲ್ಲಿ ಬುಟ್ಟಿ ತುಂಬಿತು!

ಸಂಜೆ ಮೇಡಂ ಆ ಸಿಹಿಯನ್ನು ಮೂರನೇ ಸಲ ಬಡಿಸಿಕೊಳ್ಳುತ್ತಿದ್ದಾಗ, ದಾಲ್ಚಿನ್ನಿಯ ಘಮಕ್ಕೆ ಪಕ್ಕದ ಮನೆಯ ಹಂಸಾಬೆನ್ ಬಂದರು. ಒಂದು ಚಮಚ ತಿಂದು ಕಣ್ಣರಳಿಸಿದರು. "ಏನು ಹಾಕಿದ್ದೀರಿ ಇದಕ್ಕೆ?"

ನಾನು ಬಾಯಿ ತೆರೆಯುವ ಮೊದಲೇ ಅತ್ತೆ ಅಂದರು:

"ನಿಮ್ಮನೆ ಬ್ರೆಡ್ಡೇ. ಹಸುಗೆ ಹೊಟ್ಟೆ ತುಂಬಿತ್ತು."